ಖೊಟ್ಟಿ ಕಾಗದದ ನೌಕರಿ

ಸರಕಾರಿ ನೌಕರಿಯು ಅದನ್ನು ಕೊಡುವ ಅಧಿಕಾರಿಯ ಸೊತ್ತಲ್ಲ; ಪಡೆಯುವವನ ಸೊತ್ತಂತೂ ಅಲ್ಲವೇ ಅಲ್ಲ. ಅದು ಪ್ರಜೆಗಳು ಕೊಡುವ ತೆರಿಗೆಯಿಂದ ನಡೆಯುವ, ಪ್ರಜೆಗಳ ಕೆಲಸಕ್ಕಾಗಿಯೇ ಇರುವ ಸ್ಥಾನವು. ಆ ಸ್ಥಾನದ ಬಾಗಿಲು ಎಲ್ಲರಿಗೂ ಸಮನಾಗಿ ತೆರೆದಿರತಕ್ಕದ್ದೆಂದು ನಮ್ಮ ರಾಜ್ಯಘಟನೆಯ 14 ಮತ್ತು 16ನೆಯ ವಿಧಿಗಳು ಸಾರುತ್ತವೆ. ತಲೆತಲಾಂತರಗಳಿಂದ ಆ ಬಾಗಿಲ ಹೊರಗೇ ನಿಲ್ಲಿಸಲ್ಪಟ್ಟ ಜನರಿಗಾಗಿ ಕೆಲವು ಸ್ಥಾನಗಳನ್ನು ಬೇರೆಯಾಗಿ ತೆಗೆದಿರಿಸುವದಕ್ಕೂ ಅದೇ 16ನೆಯ ವಿಧಿಯು ಅವಕಾಶ ಕೊಟ್ಟಿದೆ. ಇಂಥ ಬಾಗಿಲಲ್ಲಿ ಖೊಟ್ಟಿ ಅಂಕಪಟ್ಟಿಯನ್ನೋ ಖೊಟ್ಟಿ ಜಾತಿ ಪ್ರಮಾಣಪತ್ರವನ್ನೋ ಹಿಡಿದು ಒಬ್ಬನು ಒಳಹೊಕ್ಕನೆಂದರೆ, ನಿಜವಾದ ಕಾಗದವನ್ನು ಹಿಡಿದು ಸರದಿಯಲ್ಲಿ ನಿಂತಿದ್ದ ಇನ್ನೊಬ್ಬನು ಹೊರಗುಳಿದನೆಂದೇ ಅರ್ಥ. ಈ ಎರಡನೆಯ ಸಂಗತಿಯನ್ನು ನಾವು ಬಲು ಬೇಗ ಮರೆಯುತ್ತೇವೆ. ನಮ್ಮ ಕಾಯದೆಯೂ ಆಡಳಿತವೂ ಅದನ್ನು ನೆನಪಿನಲ್ಲಿ ಇಟ್ಟುಕೊಂಡಿಲ್ಲವೆಂಬುದೇ ಇಂದು ನಾವು ಹೇಳಬೇಕೆಂದಿರುವ ಮಾತು.

ಈ ರೋಗವು ದೂರದ ಪ್ರಾಂತಗಳದ್ದೆಂದು ಕನ್ನಡಿಗರು ಸಮಾಧಾನ ತಂದುಕೊಳ್ಳುವಂತಿಲ್ಲ. ಕರ್ನಾಟಕದ ಜಲಸಂಪನ್ಮೂಲ ಇಲಾಖೆಯಲ್ಲಿಯ ದ್ವಿತೀಯ ದರ್ಜೆ ಸಹಾಯಕರ ಬ್ಯಾಕ್‌ಲಾಗ್ ಹುದ್ದೆಗಳಿಗೆ ಖೊಟ್ಟಿ ಅಂಕಪಟ್ಟಿಗಳನ್ನು ಸಲ್ಲಿಸಿದರೆಂಬ ಆಪಾದನೆಯ ಮೇಲೆ ಬೆಂಗಳೂರಿನ ಕೇಂದ್ರ ಅಪರಾಧ ವಿಭಾಗದ ಪೋಲೀಸರು 2024ರಲ್ಲಿ ನಾಲ್ವತ್ತಕ್ಕೂ ಹೆಚ್ಚು ಜನರನ್ನು ಬಂಧಿಸಿದರು. ಅವರಲ್ಲಿ ಉಮೇದುವಾರರಷ್ಟೇ ಅಲ್ಲದೆ ಮಧ್ಯಸ್ಥ ದಲ್ಲಾಳಿಗಳೂ ಇದ್ದರು. ಆಪಾದಿತರು ತಪ್ಪಿತಸ್ಥರೋ ಅಲ್ಲವೋ ಎಂಬುದನ್ನು ನ್ಯಾಯಾಲಯವೇ ಹೇಳತಕ್ಕದ್ದು. ಆ ಕೆಲಸವನ್ನು ಪತ್ರಿಕೆಗಳು ಕೈಗೆತ್ತಿಕೊಳ್ಳುವದು ಸಲ್ಲದು. ಆದರೆ ಬ್ಯಾಕ್‌ಲಾಗ್ ಹುದ್ದೆಗಳೆಂದರೆ ಏನೆಂಬುದನ್ನು ಓದುಗರು ಒಮ್ಮೆ ಮನಸ್ಸಿಗೆ ತಂದುಕೊಳ್ಳಬೇಕು. ಪರಿಶಿಷ್ಟ ವರ್ಗಗಳಿಗೆ ಸಲ್ಲಬೇಕಾಗಿದ್ದು, ಹಿಂದಿನ ವರ್ಷಗಳಲ್ಲಿ ತುಂಬದೆ ಉಳಿದ ಸ್ಥಾನಗಳು ಅವು. ಒಂದು ಸಲ ತಪ್ಪಿದ ತುತ್ತು ಎರಡನೆಯ ಸಲ ಬಡಿಸಲ್ಪಟ್ಟಾಗ, ಅದರ ಮೇಲೂ ಕಳ್ಳಗೈ ಚಾಚಿದ್ದು ನಿಜವಾದರೆ, ಅದು ಸಾಮಾನ್ಯ ವಂಚನೆಯಲ್ಲ.

ಇಂಥ ಕೃತ್ಯಕ್ಕೆ ದಂಡವಿಧಾನವು ಏನನ್ನು ವಿಧಿಸಿದೆಯೆಂಬುದನ್ನು ಮೊದಲು ನೋಡೋಣ. 2024ರ ಜುಲೈ 1ರ ವರೆಗೆ ಜಾರಿಯಲ್ಲಿದ್ದ 1860ರ ಭಾರತೀಯ ದಂಡ ಸಂಹಿತೆಯಲ್ಲಿ ವಂಚನೆಗೆ 420ನೆಯ ಕಲಮು, ವಂಚಿಸುವದಕ್ಕಾಗಿ ಖೊಟ್ಟಿ ದಸ್ತೈವಜು ಹುಟ್ಟಿಸುವದಕ್ಕೆ 468ನೆಯ ಕಲಮು, ಖೊಟ್ಟಿಯದನ್ನು ಖರೆಯದೆಂದು ಬಳಸುವದಕ್ಕೆ 471ನೆಯ ಕಲಮು ಇದ್ದವು. ಅಂದಿನಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಇವೇ ಅಪರಾಧಗಳು 318, 336 ಮತ್ತು 340ನೆಯ ಕಲಮುಗಳಲ್ಲಿ ಬಂದಿವೆ. ಸರಕಾರಿ ಅಧಿಕಾರಿಯು ಕೊಟ್ಟದ್ದೆಂದು ತೋರಿಸುವ ಪ್ರಮಾಣಪತ್ರವನ್ನೇ ಖೊಟ್ಟಿಯಾಗಿ ಹುಟ್ಟಿಸಿದರೆ ಅದಕ್ಕೆ 337ನೆಯ ಕಲಮು ಬೇರೆಯೇ ಇದೆ. ವಂಚನೆಗೂ, ವಂಚಿಸುವದಕ್ಕಾಗಿ ಮಾಡಿದ ಕೂಟಸೃಷ್ಟಿಗೂ ಏಳು ವರ್ಷಗಳ ವರೆಗೆ ಸೆರೆಮನೆ ಮತ್ತು ದಂಡ ಉಂಟು. ಇಲ್ಲಿ ಒಂದು ಅಂಶವನ್ನು ತರುಣರು ವಿಶೇಷವಾಗಿ ಲಕ್ಷ್ಯಕ್ಕೆ ತಂದುಕೊಳ್ಳಬೇಕು. "ನಾನು ಬರೆದದ್ದಲ್ಲ, ಯಾರೋ ಮಾಡಿಕೊಟ್ಟದ್ದು, ನಾನು ಹಣ ಕೊಟ್ಟು ತಂದೆನಷ್ಟೆ" ಎಂಬ ಮಾತು ಕಾಯದೆಯ ಮುಂದೆ ನಿಲ್ಲುವದಿಲ್ಲ. ಖೊಟ್ಟಿಯೆಂದು ಅರಿತು, ಅಥವಾ ಹಾಗೆ ನಂಬಲು ಕಾರಣವಿದ್ದೂ, ಅದನ್ನು ಖರೆಯದೆಂದು ಮುಂದಿಟ್ಟವನಿಗೆ ಅದನ್ನು ಹುಟ್ಟಿಸಿದವನಿಗಿರುವ ಶಿಕ್ಷೆಯೇ ಇರುತ್ತದೆ.

ಇದು ಸೆರೆಮನೆಯ ಮಾತಾಯಿತು. ನೌಕರಿಯ ಗತಿಯೇನು? ಸಾಮಾನ್ಯ ನೌಕರನನ್ನು ಸರಿಯಾದ ವಿಚಾರಣೆಯಿಲ್ಲದೆ ತೆಗೆದುಹಾಕಬಾರದೆಂದು ರಾಜ್ಯಘಟನೆಯ 311ನೆಯ ವಿಧಿಯು ಅವನಿಗೆ ಒಂದು ಭದ್ರವಾದ ಕವಚವನ್ನು ಕೊಟ್ಟಿದೆ. ಖೊಟ್ಟಿ ದಾಖಲೆಯ ಬಲದಿಂದ ಬಂದವನೂ ಅದೇ ಕವಚವನ್ನು ತೊಟ್ಟು ನಿಲ್ಲಬಹುದೇ? ಸರ್ವೋಚ್ಚ ನ್ಯಾಯಾಲಯವು ಈ ಪ್ರಶ್ನೆಗೆ ಸಂದಿಗ್ಧವಿಲ್ಲದ ಉತ್ತರವನ್ನು ಕೊಟ್ಟಿದೆ. ಹಿಂದೆ ಹಂಗಾಮಿ ಕೂಲಿಯಾಗಿ ದುಡಿದೆವೆಂದು ಖೊಟ್ಟಿ ಸೇವಾ ಚೀಟಿಗಳನ್ನು ತೋರಿಸಿ ರೇಲ್ವೆಯಲ್ಲಿ ಸೇರಿದವರ ಪ್ರಕರಣದಲ್ಲಿ, 1995ರಲ್ಲಿ, ಮೋಸದಿಂದ ಪಡೆದ ನೇಮಕವನ್ನು ರದ್ದುಪಡಿಸುವ ಅಧಿಕಾರವು ಒಡೆಯನಿಗಿದೆಯೆಂದೂ, ಅಷ್ಟು ದಿನ ದುಡಿದ ಮಾತ್ರಕ್ಕೆ ಆ ಮೋಸವು ತೊಳೆದುಹೋಗುವದಿಲ್ಲವೆಂದೂ ಅದು ಹೇಳಿತು. 2004ರಲ್ಲಿ ತೀರ್ಮಾನವಾದ ವಿಶ್ವನಾಥ ಪಿಳ್ಳೆಯ ಪ್ರಕರಣವು ಇದಕ್ಕಿಂತಲೂ ಒಂದು ಹೆಜ್ಜೆ ಮುಂದೆ ಹೋಯಿತು. ಕೇರಳದ ಪೋಲೀಸು ಖಾತೆಯಲ್ಲಿ ಪರಿಶಿಷ್ಟ ಜಾತಿಯ ಸ್ಥಾನದಲ್ಲಿ ಸೇರಿ, ಉನ್ನತ ಪದವಿಗಳ ವರೆಗೆ ಏರಿದ ಆ ಅಧಿಕಾರಿಯ ಜಾತಿ ಪ್ರಮಾಣಪತ್ರವು ಸುಳ್ಳೆಂದು ಸಿದ್ಧವಾಗಿತ್ತು. ಆತನ ನೇಮಕವು ಕಾಯದೆಯ ದೃಷ್ಟಿಯಲ್ಲಿ ನೇಮಕವೇ ಅಲ್ಲವೆಂದೂ, ಆದ್ದರಿಂದ 311ನೆಯ ವಿಧಿಯ ರಕ್ಷಣೆಯು ಆತನಿಗೆ ಸಲ್ಲದೆಂದೂ ನ್ಯಾಯಾಲಯವು ನಿರ್ಣಯಿಸಿತು. ಇಪ್ಪತ್ತೇಳು ವರ್ಷ ಸೇವೆ ಮಾಡಿದ್ದಾನೆ, ನಿವೃತ್ತಿ ವೇತನವಾದರೂ ಉಳಿಯುವಂತೆ ಶಿಕ್ಷೆಯನ್ನು ಹಗುರಗೊಳಿಸಿರಿ ಎಂಬ ಬೇಡಿಕೆಯನ್ನೂ ಅದು ಮನ್ನಿಸಲಿಲ್ಲ. ಅಡಿಗಲ್ಲೇ ಇಲ್ಲದ ಮನೆಯ ಮೇಲಿನ ಅಂತಸ್ತಿಗೆ ಬಾಡಿಗೆ ಕೇಳುವ ಹಕ್ಕು ಎಲ್ಲಿಯದು?

ಇಷ್ಟಾದರೂ ದೀರ್ಘಕಾಲದ ಸೇವೆಯೆಂಬ ವಾದವು ಸಾಯಲಿಲ್ಲ. ಜಾತಿಯ ಹಕ್ಕು ಸುಳ್ಳಾದರೂ ನೌಕರಿಯನ್ನು ಕಾಯಬಹುದೆಂಬ ಧೋರಣೆಯನ್ನು ಮುಂಬಯಿ ಉಚ್ಚ ನ್ಯಾಯಾಲಯದ ಪೂರ್ಣಪೀಠವು 2014ರಲ್ಲಿ ತಳೆಯಿತು. 2017ರ ಜುಲೈ 6ರಂದು ಭಾರತೀಯ ಆಹಾರ ನಿಗಮದ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ಮೂವರು ನ್ಯಾಯಾಧೀಶರ ಪೀಠವು ಆ ಧೋರಣೆಯನ್ನು ತಳ್ಳಿಹಾಕಿತು. ಸುಳ್ಳು ಜಾತಿಯ ಹಕ್ಕಿನಿಂದ ಬಂದ ಲಾಭವನ್ನು ಉಳಿಸಿಕೊಡುವದೆಂದರೆ, ಆ ಲಾಭಕ್ಕೆ ನಿಜವಾಗಿ ಅರ್ಹನಾದವನಿಗೆ ಅನ್ಯಾಯ ಮಾಡಿದಂತೆಯೇ ಎಂಬುದು ಆ ತೀರ್ಪಿನ ತಿರುಳು. 2001ರಿಂದ ಮಹಾರಾಷ್ಟ್ರದಲ್ಲಿ ಜಾರಿಯಲ್ಲಿರುವ ಜಾತಿ ಪ್ರಮಾಣಪತ್ರಗಳ ಕಾಯದೆಯೂ ಇದೇ ತತ್ತ್ವದ ಮೇಲೆ ನಿಂತಿದೆ. ಅದರ 10ನೆಯ ಕಲಮಿನಂತೆ ನೌಕರಿಯೂ ಪದವಿಯೂ ರದ್ದಾಗುವವಲ್ಲದೆ, ಪಡೆದ ವಿದ್ಯಾರ್ಥಿವೇತನ, ಭತ್ಯೆ ಮೊದಲಾದವುಗಳನ್ನು ಭೂಕಂದಾಯದ ಬಾಕಿಯಂತೆ ವಸೂಲು ಮಾಡಬಹುದು. 11ನೆಯ ಕಲಮಿನಂತೆ ಆರು ತಿಂಗಳಿಗೆ ಕಡಿಮೆಯಿಲ್ಲದ, ಎರಡು ವರ್ಷಗಳ ವರೆಗಿನ ಸೆರೆವಾಸವುಂಟು. ನೌಕರಿ ಹೋಗುವದಕ್ಕೆ ಮೋಸದ ಉದ್ದೇಶವನ್ನು ಸಿದ್ಧಪಡಿಸಬೇಕಾಗಿಲ್ಲ, ಹಕ್ಕು ಸುಳ್ಳೆಂದು ಗೊತ್ತಾದರೆ ಸಾಕು. ಸೆರೆಮನೆಗೆ ಕಳಿಸಬೇಕಾದರೆ ಮಾತ್ರ ಆ ಉದ್ದೇಶವು ಸಿದ್ಧವಾಗಬೇಕೆಂದು ನ್ಯಾಯಾಲಯವು ಇವೆರಡನ್ನೂ ಬೇರ್ಪಡಿಸಿ ತೋರಿಸಿದೆ.

ಕಾಯದೆಯ ಕಾಠಿಣ್ಯವನ್ನು ಹೇಳಿದ ಮೇಲೆ ಅದರ ವಿವೇಕವನ್ನೂ ಹೇಳುವದು ನ್ಯಾಯ. ಕಾಗದ ಖೊಟ್ಟಿಯಾಗಿರುವದು ಬೇರೆ. ಸರಕಾರವೇ ತಪ್ಪು ತಿಳುವಳಿಕೆಯಿಂದ ಕೊಟ್ಟ ಕಾಗದವನ್ನು ನಂಬಿದ್ದು ಬೇರೆ. 2000ದಲ್ಲಿ ಮಿಲಿಂದ ಎಂಬವರ ಪ್ರಕರಣದಲ್ಲಿ ರಾಜ್ಯಘಟನಾ ಪೀಠವು ಹಲಬಾ-ಕೋಷ್ಟಿಗಳು ಪರಿಶಿಷ್ಟ ಪಂಗಡದ ಹಲಬರಲ್ಲವೆಂದು ನಿರ್ಣಯಿಸಿದರೂ, ಅಷ್ಟರಲ್ಲಿ ವೈದ್ಯನಾಗಿ ಹೊರಬಿದ್ದಿದ್ದ ಆ ವ್ಯಕ್ತಿಯ ಪದವಿಯನ್ನು ಕಸಿದುಕೊಳ್ಳಲಿಲ್ಲ. ಮುಂದೆ ಆ ಪಂಗಡದ ಹೆಸರಿನಲ್ಲಿ ಯಾವ ಲಾಭವನ್ನೂ ಪಡೆಯಕೂಡದೆಂದು ಹೇಳಿ ಬಿಟ್ಟಿತು. ನಮ್ಮ ನಾಡಿನದೇ ಇನ್ನೊಂದು ಉದಾಹರಣೆಯಿದೆ. ಕರ್ನಾಟಕ ಸರಕಾರವು ಹಿಂದೊಮ್ಮೆ ಕೋಟೆಗಾರ ಮೊದಲಾದ ಕೆಲವು ಜಾತಿಗಳನ್ನು ಪರಿಶಿಷ್ಟ ಜಾತಿಯ ಪರ್ಯಾಯ ಹೆಸರುಗಳೆಂದು ಸುತ್ತೋಲೆಗಳ ಮೂಲಕ ಎಣಿಸಿತು. ಅಂಥ ಪ್ರಮಾಣಪತ್ರಗಳನ್ನು ಪಡೆದು ಬ್ಯಾಂಕು ಮುಂತಾದ ಸಂಸ್ಥೆಗಳಲ್ಲಿ ಸೇರಿದವರು ಮುಂದೆ ನೌಕರಿ ಕಳೆದುಕೊಳ್ಳುವ ಸ್ಥಿತಿಗೆ ಬಂದರು. ಪರಿಶಿಷ್ಟ ಜಾತಿಗಳ ಪಟ್ಟಿಗೆ ಸೇರಿಸುವ ಅಧಿಕಾರವು 341ನೆಯ ವಿಧಿಯಂತೆ ಸಂಸತ್ತಿನದೇ ಹೊರತು ರಾಜ್ಯ ಸರಕಾರದ್ದಲ್ಲವೆಂದು ಹೇಳಿದ ಸರ್ವೋಚ್ಚ ನ್ಯಾಯಾಲಯವು, 2024ರ ಆಗಸ್ಟಿನಲ್ಲಿ ಆ ನೌಕರರ ನೌಕರಿಯನ್ನು ಉಳಿಸಿತು; ಏಕೆಂದರೆ ಅವರು ಯಾರನ್ನೂ ಮೋಸಗೊಳಿಸಿರಲಿಲ್ಲ, ಸ್ವತಃ ಸರಕಾರವೇ ಅವರಿಗೆ ರಕ್ಷಣೆಯ ವಚನವನ್ನು ಕೊಟ್ಟಿತ್ತು. ಆದರೆ ಇನ್ನು ಮುಂದೆ ಅವರು ಸಾಮಾನ್ಯ ವರ್ಗದವರೆಂದೇ ಎಣಿಸಲ್ಪಡುವರು. ಮೋಸಗಾರನಿಗೂ ಮೋಸಹೋದವನಿಗೂ ನಡುವೆ ಈ ಗೆರೆಯನ್ನು ಎಳೆಯದಿದ್ದರೆ ನ್ಯಾಯವು ಕುರುಡಾದೀತು. ಆದರೆ ಈ ಗೆರೆಯನ್ನೇ ಅಡ್ಡ ಇಟ್ಟುಕೊಂಡು ಮೋಸಗಾರನೂ ಪಾರಾಗುವಂತಾದರೆ ನ್ಯಾಯವು ಹಾಸ್ಯಾಸ್ಪದವಾದೀತು.

ಹೀಗೆ ಕಾಯದೆಯು ಸ್ಪಷ್ಟವಾಗಿದೆ, ತೀರ್ಪುಗಳು ಸ್ಪಷ್ಟವಾಗಿವೆ. ಹಾಗಿದ್ದರೂ ಖೊಟ್ಟಿ ಕಾಗದದ ವ್ಯಾಪಾರವು ನಿಲ್ಲುತ್ತಿಲ್ಲವೇಕೆ? ಶಿಕ್ಷೆಯು ದೊಡ್ಡದಾಗಿದ್ದರೂ ಅದು ಬರುವದು ಬಲು ತಡವಾಗಿ ಎಂಬುದನ್ನು ವಂಚಕನು ಚೆನ್ನಾಗಿ ಬಲ್ಲನು. ತಡವಾದಷ್ಟೂ ಅವನಿಗೆ ಬಲ ಹೆಚ್ಚುತ್ತದೆ: ಸಂಬಳ ಬರುತ್ತದೆ, ಬಡತಿ ಬರುತ್ತದೆ, ಮನೆ ಕಟ್ಟುತ್ತಾನೆ, ಮಕ್ಕಳ ಮದುವೆ ಮಾಡುತ್ತಾನೆ, ಕೊನೆಗೆ ಸಿಕ್ಕಿಬಿದ್ದ ದಿವಸ ಅದೇ ಸಂಸಾರವನ್ನು ನ್ಯಾಯಾಸನದ ಮುಂದೆ ಕರುಣೆಯ ಸಾಕ್ಷಿಯಾಗಿ ನಿಲ್ಲಿಸುತ್ತಾನೆ. ಸರಕಾರಗಳಿಗೂ ಈ ಕರುಣೆಯು ಅನುಕೂಲವಾಗಿಯೇ ಕಾಣುತ್ತದೆ. ಬಿಹಾರದಲ್ಲಿ 2015ರಲ್ಲಿ ಖೊಟ್ಟಿ ಪದವಿಗಳ ಶಿಕ್ಷಕರ ಪ್ರಶ್ನೆಯು ಎದ್ದಾಗ, ಗೊತ್ತುಪಡಿಸಿದ ದಿನದೊಳಗೆ ತಾವಾಗಿ ರಾಜೀನಾಮೆ ಕೊಟ್ಟವರ ಮೇಲೆ ಕ್ರಮವಿಲ್ಲವೆಂದು ಪಟ್ನಾ ಉಚ್ಚ ನ್ಯಾಯಾಲಯವು ಅವಕಾಶ ಕೊಡಬೇಕಾಯಿತು. ಸಾವಿರಕ್ಕೂ ಹೆಚ್ಚು ಶಿಕ್ಷಕರು ರಾಜೀನಾಮೆ ಕೊಟ್ಟು ಹೊರನಡೆದರು. ಪಾಠ ಹೇಳಲು ಯೋಗ್ಯತೆಯಿಲ್ಲದವರ ಮುಂದೆ ವರ್ಷಗಟ್ಟಲೆ ಕುಳಿತ ಮಕ್ಕಳ ನಷ್ಟವನ್ನು ಯಾವ ರಾಜೀನಾಮೆಯು ತುಂಬಿಕೊಟ್ಟೀತು? ಮಹಾರಾಷ್ಟ್ರ ಸರಕಾರವಂತೂ, 2017ರ ತೀರ್ಪು ಬಂದ ಮೇಲೂ, 2019ರ ಡಿಸೆಂಬರಿನಲ್ಲಿ ಹೊರಡಿಸಿದ ನಿರ್ಣಯದಂತೆ, ಪಂಗಡದ ಹಕ್ಕು ಸಿದ್ಧವಾಗದ ನೌಕರರನ್ನು ಮನೆಗೆ ಕಳಿಸುವ ಬದಲು ಹನ್ನೊಂದು ತಿಂಗಳ ಅಧಿಕ ಹುದ್ದೆಗಳನ್ನು ಸೃಷ್ಟಿಸಿ ಅವುಗಳಿಗೆ ವರ್ಗಾಯಿಸಿತು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎಂಬ ನೀತಿಯೆಂದರೆ ಇದೇ.

ಇಲ್ಲಿಗೆ ನಮ್ಮ ಮುಖ್ಯ ಮಾತಿಗೆ ಬರುತ್ತೇವೆ. ಇಂಥ ಪ್ರಕರಣವು ನ್ಯಾಯಾಲಯಕ್ಕೆ ಬಂದಾಗ ಅಲ್ಲಿ ಇಬ್ಬರೇ ಪಕ್ಷಗಾರರು ಕಾಣುತ್ತಾರೆ: ಒಂದು ಕಡೆ ಸರಕಾರ, ಇನ್ನೊಂದು ಕಡೆ ಖೊಟ್ಟಿ ಕಾಗದದ ನೌಕರ. ಒಬ್ಬರ ಬಾಯಲ್ಲಿ ನಿಯಮ, ಮತ್ತೊಬ್ಬರ ಬಾಯಲ್ಲಿ ಕರುಣೆ. ಮೂರನೆಯವನು ಎಲ್ಲಿ? ಆ ವರ್ಷದ ಆಯ್ಕೆಪಟ್ಟಿಯಲ್ಲಿ ಒಂದೇ ಒಂದು ಸ್ಥಾನದಿಂದ ಹಿಂದುಳಿದು ಹೊರಗಾದ ಹುಡುಗನೋ ಹುಡುಗಿಯೋ ಎಲ್ಲಿ? ಅವರಿಗೆ ತಮ್ಮ ತುತ್ತನ್ನು ಯಾರು ತಿಂದರೆಂಬುದು ತಿಳಿದಿರುವದಿಲ್ಲ. ತಿಂದರೆಂಬುದೂ ಎಷ್ಟೋ ಸಲ ತಿಳಿದಿರುವದಿಲ್ಲ. ತಮ್ಮ ಅಭ್ಯಾಸವೇ ಸಾಲಲಿಲ್ಲವೆಂದು, ತಮ್ಮ ಹಣೆಬರಹವೇ ಇಷ್ಟೆಂದು ತಿಳಿದು ಬೇರೆ ದಾರಿ ಹಿಡಿದಿರುತ್ತಾರೆ. ಇಪ್ಪತ್ತು ವರ್ಷಗಳ ತರುವಾಯ ವಂಚಕನ ನೌಕರಿಯು ರದ್ದಾದ ಸುದ್ದಿಯನ್ನು ಅವರು ಪತ್ರಿಕೆಯಲ್ಲಿ ಓದಬಹುದು. ಆ ಹೊತ್ತಿಗೆ ಆಯ್ಕೆಪಟ್ಟಿಯ ಆಯುಷ್ಯವೂ ತೀರಿರುತ್ತದೆ, ನೌಕರಿಗೆ ಸೇರುವ ವಯಸ್ಸೂ ಮೀರಿರುತ್ತದೆ. ವಂಚಕನ ಹೆಂಡಿರು ಮಕ್ಕಳಿಗಾಗಿ ಕರಗುವ ನಮ್ಮ ಮನಸ್ಸು ಈ ಮೂರನೆಯವನ ಹೆಂಡಿರು ಮಕ್ಕಳನ್ನು ಒಂದು ಸಲವಾದರೂ ನೆನೆದಿದೆಯೇ? ಕಣ್ಣಿಗೆ ಕಂಡವನಿಗೆ ಕರುಣೆ, ಕಾಣದವನಿಗೆ ಮರವೆ ಎಂಬುದು ದಯೆಯಲ್ಲ. ಅದು ದಯೆಯ ವೇಷ ತೊಟ್ಟ ಪಕ್ಷಪಾತ.

ಮೀಸಲಾತಿಯ ವಿರೋಧಿಗಳು ಇಂಥ ಪ್ರಕರಣಗಳನ್ನು ಎತ್ತಿ ತೋರಿಸಿ, ಮೀಸಲಾತಿಯೇ ಮೋಸದ ಮೂಲವೆಂದು ವಾದಿಸುವದುಂಟು. ಈ ವಾದವು ತಲೆಕೆಳಗಾದದ್ದು. ಬಡವನ ಕಣಜಕ್ಕೆ ಕನ್ನ ಬಿದ್ದರೆ ಕಣಜವನ್ನೇ ಸುಡಬೇಕೆಂದು ಯಾರೂ ಹೇಳುವದಿಲ್ಲ. ಕಳ್ಳನನ್ನು ಹಿಡಿಯಬೇಕೆಂದೂ ಬಾಗಿಲು ಭದ್ರಪಡಿಸಬೇಕೆಂದೂ ಹೇಳುತ್ತಾರೆ. ಸುಳ್ಳು ಜಾತಿ ಪ್ರಮಾಣಪತ್ರದಿಂದ ಮೊದಲ ಪೆಟ್ಟು ಬೀಳುವದು ಪರಿಶಿಷ್ಟರಿಗೆ. ಹುಟ್ಟಿನಿಂದ ಅಸ್ಪೃಶ್ಯತೆಯ ಉರಿಯನ್ನು ಒಂದು ದಿನವೂ ಉಣ್ಣದವನು, ಆ ಉರಿಗೆ ಪರಿಹಾರವಾಗಿ ಕೊಟ್ಟ ನೌಕರಿಯನ್ನು ಉಣ್ಣುವದಕ್ಕಿಂತ ನೀಚವಾದ ಕಳವು ಇನ್ನಾವುದಿದೆ?

ಹಾಗಾದರೆ ಮಾಡತಕ್ಕದ್ದೇನು? ಮೊದಲನೆಯದಾಗಿ, ತಪಾಸಣೆಯು ನೌಕರಿಗಿಂತ ಮುಂಚೆ ಆಗಬೇಕು. ಊರು ಕೊಳ್ಳೆ ಹೋದ ಮೇಲೆ ಕೋಟೆಯ ಬಾಗಿಲು ಹಾಕಿ ಫಲವಿಲ್ಲ. ಸರ್ವೋಚ್ಚ ನ್ಯಾಯಾಲಯವು 1994ರಷ್ಟು ಹಿಂದೆಯೇ, ಮಾಧುರಿ ಪಾಟೀಲರ ಪ್ರಕರಣದಲ್ಲಿ, ಜಾತಿ ಪ್ರಮಾಣಪತ್ರಗಳ ಪರಿಶೀಲನೆಗೆ ಹದಿನೈದು ನಿಯಮಗಳನ್ನು ಹಾಕಿಕೊಟ್ಟಿತು. ಪರಿಶೀಲನಾ ಸಮಿತಿಯಿರಬೇಕು, ಅದಕ್ಕೆ ಪೋಲೀಸು ಅಧಿಕಾರಿಯ ನೇತೃತ್ವದ ಜಾಗೃತ ದಳವಿರಬೇಕು, ಅರ್ಜಿದಾರನ ಹುಟ್ಟೂರಿಗೆ ಹೋಗಿ ವಿಚಾರಿಸಬೇಕು, ಅವನಿಗೆ ತನ್ನ ಮಾತನ್ನು ಹೇಳಲು ಅವಕಾಶ ಕೊಡಬೇಕು, ಆದಷ್ಟು ಎರಡು ತಿಂಗಳೊಳಗೆ ವಿಚಾರಣೆಯನ್ನು ಮುಗಿಸಬೇಕು ಎಂಬವು ಅವುಗಳಲ್ಲಿ ಮುಖ್ಯವಾದವು. ನಮ್ಮಲ್ಲಿ ತಹಶೀಲದಾರರು ಪ್ರಮಾಣಪತ್ರ ಕೊಡುವ ವ್ಯವಸ್ಥೆಯೂ, ಅದನ್ನು ಪರಿಶೀಲಿಸುವ ಜಿಲ್ಲಾ ಸಮಿತಿಯೂ, ದೂರುಗಳನ್ನು ತನಿಖೆ ಮಾಡಲು ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯವೂ ಇವೆ. ಇಲ್ಲದಿರುವದು ಅವಸರವೊಂದೇ. ಇಂದು ನಾಡಕಚೇರಿಯ ಪ್ರಮಾಣಪತ್ರಕ್ಕೆ ಅದರದೇ ಸಂಖ್ಯೆಯಿದೆ. ಪರೀಕ್ಷಾ ಮಂಡಳಿಗಳ ಅಂಕಪಟ್ಟಿಗಳು ಡಿಜಿಲಾಕರಿನಲ್ಲಿ ಸಿಕ್ಕುತ್ತವೆ. ಹಳೆಯ ಕಾಲದಲ್ಲಿ ಟಪಾಲಿನ ಉತ್ತರಕ್ಕಾಗಿ ತಿಂಗಳುಗಟ್ಟಲೆ ಕಾಯಬೇಕಾಗಿದ್ದ ಕೆಲಸವು ಇಂದು ಎಷ್ಟೋ ಮಟ್ಟಿಗೆ ಗುಮಾಸ್ತನ ಮೇಜಿನ ಮೇಲೆಯೇ ಆಗಬಲ್ಲದು. ಪರಿಶೀಲನೆ ಮುಗಿಯದೆ ಯಾವ ನೌಕರನ ಪರೀಕ್ಷಾರ್ಥ ಸೇವೆಯನ್ನೂ ಕಾಯಂಗೊಳಿಸಕೂಡದೆಂಬ ನಿಯಮವನ್ನು ಕಟ್ಟುನಿಟ್ಟಾಗಿ ನಡೆಸಿದರೆ, ಈ ರೋಗದ ಅರ್ಧಭಾಗವು ಹುಟ್ಟುವ ಮೊದಲೇ ಅಳಿಯುವದು.

ಎರಡನೆಯದಾಗಿ, ಕಾಗದ ಹಿಡಿದವನ ಹಿಂದಿರುವ ಕೈಗಳನ್ನು ಹಿಡಿಯಬೇಕು. ಮುದ್ರೆ ಕೆತ್ತಿದ ದಲ್ಲಾಳಿ, ಮನೆಗೆ ಹೋಗದೆಯೇ ಸ್ಥಳ ತನಿಖೆಯ ವರದಿ ಬರೆದ ಅಧಿಕಾರಿ, ಪರಿಶೀಲನೆಗೆ ಬಂದ ಕಡತವನ್ನು ಕಪಾಟಿನ ತಳಕ್ಕೆ ಸೇರಿಸಿದ ಗುಮಾಸ್ತ, ಇವರೆಲ್ಲರೂ ಆ ಅಪರಾಧದ ಪಾಲುದಾರರು. ಬೇಲಿಯೇ ಎದ್ದು ಹೊಲ ಮೇಯ್ದಾಗ ಹೊರಗಿನ ದನವನ್ನಷ್ಟೇ ದೊಡ್ಡಿಗೆ ಹೊಡೆದರೆ ಬೆಳೆ ಉಳಿಯದು. ಇಪ್ಪತ್ತು ಮೂವತ್ತು ಸಾವಿರದ ಸಂಬಳದ ಆಸೆಗೆ ಹೊಲ ಮಾರಿ ಹಣ ಕೊಟ್ಟ ಹಳ್ಳಿಯ ತರುಣನು ಸೆರೆಮನೆಯಲ್ಲಿ, ಅವನಿಗೆ ಕಾಗದ ಮಾರಿದವನು ಮುಂದಿನ ನೇಮಕಾತಿಯ ಜಾಹೀರಾತಿನ ನಿರೀಕ್ಷೆಯಲ್ಲಿ ಇರುವಂತಾದರೆ, ಅದನ್ನು ಕಾಯದೆಯ ಗೆಲುವೆಂದು ನಾವು ಒಪ್ಪಲಾರೆವು.

ಮೂರನೆಯದು, ಎಲ್ಲಕ್ಕೂ ಮುಖ್ಯವಾದದ್ದು: ಕಸಿದ ಸ್ಥಾನವು ಕಳಕೊಂಡವನ ಮನೆಗೆ ಮರಳಬೇಕು. ಖೊಟ್ಟಿ ನೇಮಕವೊಂದು ರದ್ದಾದ ಕೂಡಲೆ ಆ ಹುದ್ದೆಯು ಅದೇ ವರ್ಗಕ್ಕೆ, ಸಾಧ್ಯವಿದ್ದಲ್ಲೆಲ್ಲ ಅದೇ ಆಯ್ಕೆಪಟ್ಟಿಯಲ್ಲಿ ಮುಂದಿನ ಸ್ಥಾನದಲ್ಲಿದ್ದ ಉಮೇದುವಾರನಿಗೆ, ವಯಸ್ಸಿನ ಮಿತಿಯನ್ನು ಸಡಿಲಿಸಿ ಸಲ್ಲುವಂತೆ ಕಾಯದೆಯಲ್ಲಿಯೇ ಬರೆಯಬೇಕು. ಅವನಿಗೆ ಅನ್ಯಾಯವಾದ ಸಂಗತಿಯನ್ನು ಸರಕಾರವೇ ಪತ್ರ ಬರೆದು ತಿಳಿಸಬೇಕು. ನೌಕರಿ ಕೊಡುವ ಕಾಲ ಮೀರಿದ್ದರೆ, ವಂಚಕನಿಂದ ವಸೂಲಾದ ಹಣದಿಂದಲಾದರೂ ಅವನಿಗೆ ಪರಿಹಾರ ಸಲ್ಲಬೇಕು. ಇಂದು ವಸೂಲಾದ ಹಣವು ಖಜಾನೆಗೆ ಹೋಗುತ್ತದೆ. ಕಳವಾದದ್ದು ಖಜಾನೆಯದು ಮಾತ್ರವೇ? ಒಬ್ಬ ಬಡವನ ಇಡೀ ಆಯುಷ್ಯದ ಅನ್ನವು ಕಳವಾಗಿದೆಯೆಂಬುದನ್ನು ಲೆಕ್ಕಕ್ಕೆ ಹಿಡಿಯದ ನ್ಯಾಯವು ಅರ್ಧ ನ್ಯಾಯವೇ ಸರಿ.

ಇದಕ್ಕೆಲ್ಲ ಹೊಸ ಖರ್ಚೇನೂ ಹೆಚ್ಚು ಬೇಕಾಗಿಲ್ಲ, ಬೇಕಾಗಿರುವದು ಸಂಕಲ್ಪ. ನಮ್ಮ ಶಾಸಕರು ಸುಳ್ಳು ಪ್ರಮಾಣಪತ್ರಗಳನ್ನು ಕುರಿತು ಸದನದಲ್ಲಿ ಆವೇಶದಿಂದ ಮಾತಾಡುತ್ತಾರೆ. ತಮ್ಮ ಕ್ಷೇತ್ರದ ಒಬ್ಬನು ಸಿಕ್ಕಿಬಿದ್ದಾಗ ಅವನ ಪರವಾಗಿ ಅಧಿಕಾರಿಗಳಿಗೆ ಹೇಳಿಕಳಿಸುವವರೂ ಅವರಲ್ಲಿಯೇ ಇರುತ್ತಾರೆ. ಜನತೆಯೂ ಈ ವಿಷಯದಲ್ಲಿ ನಿರ್ದೋಷಿಯಲ್ಲ. ಖೊಟ್ಟಿ ಕಾಗದದಿಂದ ಬಂದ ನೌಕರಿಯೆಂದು ಊರಿಗೆಲ್ಲ ಗೊತ್ತಿದ್ದರೂ ಆ ವರನಿಗೆ ಹೆಣ್ಣು ಕೊಡಲು ನಾವು ಹಿಂಜರಿಯುವದಿಲ್ಲ. ಅವನನ್ನು ಜಾಣನೆಂದೇ ಕರೆಯುತ್ತೇವೆ. ಈ ಜಾಣತನಕ್ಕೆ ಕಳವೆಂಬ ಅದರ ಸ್ವಂತ ಹೆಸರನ್ನು ಇಟ್ಟು ಕರೆಯುವ ಧೈರ್ಯವು ಸಮಾಜಕ್ಕೆ ಬಂದ ದಿನ ದಲ್ಲಾಳಿಯ ಅಂಗಡಿಯು ತಾನಾಗಿ ಮುಚ್ಚುವದು. ಅಲ್ಲಿಯ ವರೆಗೆ, ಮುಂದಿನ ನೇಮಕಾತಿಯಲ್ಲಿ ಹೊರಗುಳಿಯಲಿರುವ ಆ ಮೂರನೆಯವನ ಹೆಸರನ್ನು ಸರಕಾರವು ಈಗಲೇ ನೆನಪಿನಲ್ಲಿಡಲಿ. ಅವನು ಯಾರ ಮನೆಯ ಮಗನಾದರೂ ಆಗಿರಬಹುದು.